ತೆರೆಯ ಮೇಲಿನ ತೂಕ: ಕನ್ನಡಿ ಮತ್ತು ವೇಗ

ಮಾನ್ಯ ಸಂಪಾದಕರೇ,

ಪ್ರಾಯೋಗಿಕ ಚಿತ್ರಗಳನ್ನು ಕುರಿತು ನಿಮ್ಮ ಸಿನಿಮಾ ಪುರವಣಿಯಲ್ಲಿ ಬಂದ ಲೇಖನವು ಮನುಷ್ಯದೇಹ ತೇಲುವ ದೃಶ್ಯಗಳನ್ನೆಲ್ಲ ‘ಕ್ಯಾಮೆರಾ ಚಮತ್ಕಾರ’ ಎಂಬ ಒಂದೇ ಮಾತಿನಲ್ಲಿ ಮುಗಿಸಿದೆ. ಇಂಥ ಚಿತ್ರಗಳ ಬಗ್ಗೆ ಬರೆಯುವವರೇ ವಿರಳವಾಗಿರುವಾಗ ಲೇಖನ ಬಂದದ್ದು ಸಂತೋಷದ ಸಂಗತಿ. ಆದರೂ ಆ ದೃಶ್ಯಗಳ ಹಿಂದಿನ ಆಲೋಚನೆ ಚಮತ್ಕಾರಕ್ಕಿಂತ ಆಳವಾದದ್ದು. ಅದನ್ನು ಅರಿಯದೆ ಪ್ರದರ್ಶಿಸುವುದರಿಂದಲೇ ಅವು ಕೆಡುತ್ತಿವೆ ಎಂಬ ಕಳವಳದಿಂದ ಈ ಪತ್ರ ಬರೆಯುತ್ತಿದ್ದೇನೆ.

ತೂಕವು ಕಣ್ಣಿಗೆ ನೇರವಾಗಿ ಕಾಣುವುದಿಲ್ಲ. ನೆಲ, ದಿಗಂತ, ಜೋತುಬಿದ್ದ ಬಟ್ಟೆ, ಬೀಳಲು ಹಿಡಿಯುವ ಸಮಯ ಇವುಗಳ ಮೂಲಕ ಅದನ್ನು ಊಹಿಸುತ್ತೇವೆ. ಸಾಹಸ ಚಿತ್ರಗಳು ನಟನನ್ನು ತಂತಿ ಕಟ್ಟಿ ಮೇಲೆತ್ತಿದರೆ, ಪ್ರಾಯೋಗಿಕ ಚಿತ್ರಕಾರರು ಅವನನ್ನು ಇದ್ದಲ್ಲೇ ಬಿಟ್ಟು ಈ ಸಾಕ್ಷಿಗಳನ್ನು ಅಳಿಸುತ್ತಾ ಹೋದರು. ಅದಕ್ಕೆ ಕನ್ನಡಿಯಷ್ಟು ಸರಳವಾದ ಸಾಧನ ಮತ್ತೊಂದಿಲ್ಲ. ನೆಲದಿಂದ ಎತ್ತರದಲ್ಲಿ 45 ಡಿಗ್ರಿ ಓರೆಯಾಗಿ ಕನ್ನಡಿಯನ್ನು ನಿಲ್ಲಿಸಿ ಅದರೊಳಗಿನ ಬಿಂಬವನ್ನು ಚಿತ್ರೀಕರಿಸಿದರೆ, ಕೆಳಗೆ ಮಲಗಿರುವ ನರ್ತಕಿ ತೆರೆಯ ಮೇಲೆ ನಿಂತಂತೆ ಕಾಣುತ್ತಾಳೆ. ಆಕೆಯ ಕೂದಲು ಭುಜದ ಮೇಲೆ ಇಳಿಬೀಳದೆ ತಲೆಯ ಸುತ್ತ ಹರಡಿಕೊಂಡಿರುತ್ತದೆ. ಎರಡೂ ಕಾಲುಗಳನ್ನು ಒಟ್ಟಿಗೆ ಮಡಚಿದರೂ ಆಕೆ ಬೀಳುವುದಿಲ್ಲ. ಸಾಮಾನ್ಯ ಕನ್ನಡಿಯ ಲೇಪನ ಗಾಜಿನ ಹಿಂಬದಿಯಲ್ಲಿರುವುದರಿಂದ ಗಾಜಿನ ಮೇಲ್ಮೈಯಲ್ಲೂ ಒಂದು ಮಸುಕು ಬಿಂಬ ಮೂಡಿ ಗುಟ್ಟು ಬಯಲಾಗುವುದುಂಟು. ಹಾಗಾಗಿ ಇಂಥ ಕೆಲಸಕ್ಕೆ ಮುಂಬದಿಯಲ್ಲೇ ಲೇಪನವಿರುವ ಕನ್ನಡಿ ಒಳ್ಳೆಯದು.

ಫ್ರಾನ್ಸಿನ ಝಾನ್ ಕಾಕ್ಟೋ 1950ರ ‘ಓರ್ಫಿ’ ಚಿತ್ರದಲ್ಲಿ ಇದೇ ತರ್ಕವನ್ನು ತಿರುವುಹಾಕಿದರು. ಕೈಗವಸು ತೊಟ್ಟ ಕೈಗಳು ಕನ್ನಡಿಯೊಳಕ್ಕೆ ಇಳಿಯುವ ದೃಶ್ಯಕ್ಕೆ ಅವರು ಬಳಸಿದ್ದು ತೊಟ್ಟಿಯಲ್ಲಿ ತುಂಬಿದ ಪಾದರಸವನ್ನು. ಮಟ್ಟಸವಾಗಿ ನಿಂತ ದ್ರವ ತೆರೆಯ ಮೇಲೆ ನೆಟ್ಟಗೆ ನಿಂತ ಕನ್ನಡಿಯಾಗುತ್ತದೆ. ನೀರಾಗಿದ್ದರೆ ಮುಳುಗಿದ ಬೆರಳು ಕಾಣುತ್ತಿತ್ತು, ಪಾದರಸ ಅದನ್ನು ಪೂರ್ತಿ ನುಂಗಿಬಿಡುತ್ತದೆ. ನೀರಿಗಿಂತ ಸುಮಾರು 13.6 ಪಟ್ಟು ಸಾಂದ್ರವಾದ ಲೋಹವೊಂದು ದೇಹ ತನ್ನ ಭಾರ ಕಳೆದುಕೊಂಡು ಬೇರೆ ಲೋಕಕ್ಕೆ ದಾಟುವ ಬಾಗಿಲಾದದ್ದು ನನಗೆ ಇಂದಿಗೂ ಬೆರಗು ಹುಟ್ಟಿಸುತ್ತದೆ.

ಕನ್ನಡಿ ದಿಕ್ಕನ್ನು ಬದಲಿಸಿದರೆ, ಸ್ಲೋ ಮೋಷನ್ ಬೀಳುವ ಸಮಯವನ್ನು ಬದಲಿಸುತ್ತದೆ. ಸೆಕೆಂಡಿಗೆ 48 ಫ್ರೇಮ್‌ಗಳಂತೆ, ಅಂದರೆ 48 ಬಿಡಿ ಚಿತ್ರಗಳಂತೆ, ಚಿತ್ರಿಸಿ 24ರ ವೇಗದಲ್ಲಿ ತೋರಿಸಿದರೆ ಗುರುತ್ವ ಅರ್ಧವಲ್ಲ, ಕಾಲು ಭಾಗಕ್ಕೆ ಇಳಿದಂತೆ ಕಾಣುತ್ತದೆ. ವೇಗದ ಅನುಪಾತದ ವರ್ಗಕ್ಕೆ (ಇಲ್ಲಿ ಎರಡೆರಡಲೆ ನಾಲ್ಕಕ್ಕೆ) ತಕ್ಕಂತೆ ಅದು ಕುಗ್ಗುತ್ತದೆ. ಸುಮಾರು 60 ಫ್ರೇಮ್‌ಗಳಿಗೆ ಹೋದರೆ ನರ್ತಕ ಚಂದ್ರನ ಮೇಲೆ ಜಿಗಿದಂತಿರುತ್ತದೆ. ಅಮೆರಿಕದ ಮಾಯಾ ಡೆರೆನ್ 1945ರ ತಮ್ಮ ನೃತ್ಯಚಿತ್ರದಲ್ಲಿ ನರ್ತಕ ಟ್ಯಾಲಿ ಬೀಟಿಯ ಒಂದೇ ನೆಗೆತವನ್ನು ಹಲವು ತುಣುಕುಗಳಿಂದ ಕಟ್ಟಿದರು. ಯಾವ ತುಣುಕಿನಲ್ಲೂ ನೆಲ ಮುಟ್ಟುವ ಕ್ಷಣವನ್ನು ಉಳಿಸದೆ ಜೋಡಿಸುತ್ತಾ ಹೋದುದರಿಂದ, ಯಾವ ಮನುಷ್ಯನಿಗೂ ಸಾಧ್ಯವಿಲ್ಲದಷ್ಟು ಹೊತ್ತು ಆತ ಗಾಳಿಯಲ್ಲೇ ಇರುತ್ತಾನೆ. ಕೊನೆಗೆ ಕಾಲೂರಿ ಮಂಡಿ ಬಗ್ಗಿದಾಗ ಭಾರವೆಲ್ಲ ಒಮ್ಮೆಗೇ ಮರಳಿ ಬರುತ್ತದೆ. ಇದು ಸಂಕಲನದ ಸಾಧನೆಯೇ ಹೊರತು ಬರೀ ನಿಧಾನಗತಿಯದಲ್ಲ.

ನನ್ನ ದೂರು ಇಲ್ಲಿಂದ ಶುರುವಾಗುತ್ತದೆ. ಹಳೆಯ ಮೂಕಿ ಚಿತ್ರಗಳನ್ನು, ಅದರಲ್ಲೂ 16 ಫ್ರೇಮ್‌ಗಳ ವೇಗಕ್ಕೆಂದು ತೆಗೆದವನ್ನು, ಹಲವು ಕಡೆ ಯೋಚಿಸದೆ 24ರ ವೇಗದಲ್ಲಿ ಓಡಿಸುತ್ತಾರೆ. ಆಗ ತೆರೆಯ ಮೇಲಿನ ಗುರುತ್ವ ಎರಡು ಪಟ್ಟನ್ನೂ ಮೀರುತ್ತದೆ. ತೇಲಬೇಕಾದ ದೇಹ ದಡಬಡಿಸಿ ಬೀಳುತ್ತದೆ, ನೋಡುಗರು ನಗುತ್ತಾರೆ. ಅಗಲ ತೆರೆ ತುಂಬಲೆಂದು ಚಿತ್ರವನ್ನು ಹಿಗ್ಗಿಸುವುದು ಇನ್ನೊಂದು ಅನ್ಯಾಯ. ಹಿಗ್ಗಿದ ದೇಹ ದಪ್ಪವಾಗಿ, ಭಾರವಾಗಿ ಕಾಣುತ್ತದೆ. ಹಾಗೆಂದು ಮೇಲೆ ಕೆಳಗೆ ಕತ್ತರಿಸಿದರೆ, ನಿರ್ದೇಶಕರು ಲೆಕ್ಕ ಹಾಕಿ ಬಿಟ್ಟ ಬರಿಯ ಜಾಗವೇ ಹೊರಟುಹೋಗುತ್ತದೆ.

ಚಿತ್ರೋತ್ಸವಗಳನ್ನು ನಡೆಸುವವರು ಪ್ರತಿ ಚಿತ್ರದ ಸರಿಯಾದ ಪ್ರದರ್ಶನ ವೇಗ ಮತ್ತು ಚೌಕಟ್ಟಿನ ಅಳತೆಯನ್ನು ತಮ್ಮ ಕೈಪಿಡಿಯಲ್ಲಿ ನಮೂದಿಸಬೇಕು, ಅದರಂತೆಯೇ ತೋರಿಸಬೇಕು. ನಿಮ್ಮ ವಿಮರ್ಶಕರೂ ಕಥೆ ಮತ್ತು ಅಭಿನಯದ ಜೊತೆಗೆ, ಚಿತ್ರವನ್ನು ಯಾವ ವೇಗದಲ್ಲಿ, ಯಾವ ಅಳತೆಯಲ್ಲಿ ತೋರಿಸಿದರು ಎಂಬುದನ್ನು ಒಂದು ಸಾಲಿನಲ್ಲಾದರೂ ಬರೆಯುವಂತಾಗಲಿ ಎಂದು ವಿನಂತಿಸುತ್ತೇನೆ.

ಇತಿ ತಮ್ಮ ವಿಶ್ವಾಸಿ,
ಒಬ್ಬ ಓದುಗ