ಕ್ಯಾಪ್ಟನ್ ಮುಲ್ಲಾ ಸಂಪ್ರದಾಯಕ್ಕಾಗಿ ಸತ್ತವರಲ್ಲ

ಸಂಪಾದಕರಿಗೆ ನಮಸ್ಕಾರ.

1971ರ ಯುದ್ಧದಲ್ಲಿ ‘ಖುಕ್ರಿ’ ಹಡಗಿನೊಂದಿಗೆ ಮಡಿದ ಕ್ಯಾಪ್ಟನ್ ಮಹೇಂದ್ರನಾಥ ಮುಲ್ಲಾ ಅವರ ಬಗ್ಗೆ ನಿಮ್ಮ ಪತ್ರಿಕೆ ಅರ್ಧ ಪುಟದ ಲೇಖನ ಹಾಕಿದ್ದಕ್ಕೆ ಮೊದಲು ಕೃತಜ್ಞತೆ. ಕನ್ನಡದಲ್ಲಿ ಭೂಸೇನೆಯ ವೀರರ ಬಗ್ಗೆ ಬಂದಷ್ಟು ನೌಕಾಪಡೆಯವರ ಬಗ್ಗೆ ಬರುವುದಿಲ್ಲ. ಆದರೆ ಲೇಖನದ ತಲೆಬರಹದಲ್ಲೇ ‘ಹಡಗಿನ ಜೊತೆ ಮುಳುಗುವ ಸಂಪ್ರದಾಯ ಪಾಲಿಸಿದ ವೀರ’ ಎಂದು ಬರೆದಿದ್ದೀರಿ. ಈ ಪತ್ರ ಬರೆಯಲು ಆ ಒಂದು ಸಾಲೇ ಕಾರಣ.

ಹಡಗು ಮುಳುಗಿದರೆ ಕ್ಯಾಪ್ಟನ್ ಸಾಯಬೇಕೆಂಬ ನಿಯಮ ನೌಕಾಪಡೆಯಲ್ಲಿಲ್ಲ. ಹಡಗಿನಲ್ಲಿರುವ ಪ್ರತಿ ಜೀವದ ಹೊಣೆ ಅವನದು, ಆದ್ದರಿಂದ ಇಳಿಯುವುದು ಕೊನೆಗೆ, ಅಷ್ಟೇ. ಮುಲ್ಲಾ ಅವರ ಮಹಾವೀರ ಚಕ್ರದ ಪ್ರಶಸ್ತಿಪತ್ರವನ್ನು ನಿಧಾನವಾಗಿ ಓದಿದರೆ ಕಾಣುವುದೂ ಇದೇ. ಹಡಗು ಬಿಡುವ ನಿರ್ಧಾರ ಮಾಡಿದ ಮೇಲೆ ಅವರು ಶಾಂತವಾಗಿ, ಕ್ರಮವಾಗಿ ಸಿಬ್ಬಂದಿಯನ್ನು ಹೊರಗೆ ಕಳಿಸಿದರು. ತಮ್ಮ ಜೀವರಕ್ಷಕ ಸಾಧನವನ್ನು ಒಬ್ಬ ನಾವಿಕನಿಗೆ ಕೊಟ್ಟರು. ಇನ್ನೂ ಯಾರನ್ನಾದರೂ ಉಳಿಸಬಹುದೇ ಎಂದು ನೋಡಲು ಬ್ರಿಜ್‌ಗೆ ಮರಳಿದರು. ಕೊನೆಯ ಗಳಿಗೆಯಲ್ಲೂ ಕೆಲಸದಲ್ಲಿದ್ದ ಮನುಷ್ಯ ಅವರು. ಸಾವನ್ನು ಹುಡುಕಿಕೊಂಡು ಹೋದವರಲ್ಲ.

ಅಂದಹಾಗೆ, ಲೇಖನದಲ್ಲಿ ಅವರು ‘ಸೇತುವೆಯ ಮೇಲೆ’ ನಿಂತಿದ್ದರು ಎಂದಿದೆ. ಹಡಗಿನ ಬ್ರಿಜ್ ಎಂದರೆ ಸೇತುವೆಯಲ್ಲ. ದಿಕ್ಕು, ವೇಗ, ದಾಳಿ ಎಲ್ಲದಕ್ಕೂ ಆಜ್ಞೆ ಹೊರಡುವ ಎತ್ತರದ ಕಟ್ಟೆ ಅದು. ಕನ್ನಡದಲ್ಲೂ ‘ಬ್ರಿಜ್’ ಎಂದೇ ಬರೆಯುವುದು ಒಳ್ಳೆಯದು. ಹಡಗು ಮುಳುಗಿದ್ದು ಗುಜರಾತ್ ಕರಾವಳಿಯ ದಿಯು ತೀರದಿಂದ ‘40 ಮೈಲಿ, ಅಂದರೆ 64 ಕಿ.ಮೀ.’ ದೂರದಲ್ಲಿ ಎಂಬುದೂ ತಪ್ಪು. ಸಮುದ್ರದಲ್ಲಿ ಲೆಕ್ಕ ನಾಟಿಕಲ್ ಮೈಲಿಯದು. ಒಂದು ನಾಟಿಕಲ್ ಮೈಲಿಗೆ 1.852 ಕಿ.ಮೀ., ಹಾಗಾಗಿ ಅದು ಸುಮಾರು 74 ಕಿ.ಮೀ. ಆಗುತ್ತದೆ.

‘ಕ್ಯಾಪ್ಟನ್’ ಪದವಿಯ ವಿಷಯದಲ್ಲಿ ಓದುಗರು ಮೋಸಹೋಗುವುದು ಸಹಜ. ಭೂಸೇನೆಯ ಕ್ಯಾಪ್ಟನ್ ಕಿರಿಯ ಅಧಿಕಾರಿ. ನೌಕಾಪಡೆಯ ಕ್ಯಾಪ್ಟನ್ ಭೂಸೇನೆಯ ಕರ್ನಲ್‌ಗೆ, ವಾಯುಪಡೆಯ ಗ್ರೂಪ್ ಕ್ಯಾಪ್ಟನ್‌ಗೆ ಸಮ. 1926ರಲ್ಲಿ ಗೋರಖಪುರದಲ್ಲಿ ಹುಟ್ಟಿದ ಮುಲ್ಲಾ ಅಧಿಕಾರಿಯಾಗಿ ನೇಮಕಗೊಂಡದ್ದು 1948ರ ಮೇ 1ರಂದು. ಖುಕ್ರಿಯ ಬ್ರಿಜ್ ಏರುವ ಹೊತ್ತಿಗೆ ಅವರ ಬೆನ್ನಿಗೆ ಎರಡು ದಶಕಗಳ ಸೇವೆಯಿತ್ತು: ಲಂಡನ್ನಿನ ಭಾರತೀಯ ಹೈಕಮಿಷನ್‌ನಲ್ಲಿ ಉಪ ನೌಕಾ ಸಲಹೆಗಾರ, ‘ರಾಣಾ’ ವಿಧ್ವಂಸಕ ನೌಕೆಯ ನಾಯಕತ್ವ, ಬೊಂಬಾಯಿಯ ‘ಆಂಗ್ರೆ’ ನೆಲೆಯ ಹೊಣೆ. ಖುಕ್ರಿಯಲ್ಲಿ ಅವರದು ಒಂದೇ ಹಡಗಿನ ಜವಾಬ್ದಾರಿಯಲ್ಲ. ಫ್ರಿಗೇಟ್ ಎಂಬ ಬೆಂಗಾವಲು ಯುದ್ಧನೌಕೆಗಳ ತಂಡವಾದ 14ನೇ ಫ್ರಿಗೇಟ್ ಸ್ಕ್ವಾಡ್ರನ್ನಿನ ಹಿರಿಯ ಅಧಿಕಾರಿ ಅವರೇ. ಖುಕ್ರಿ, ಕೃಪಾಣ್, ಕುಠಾರ್ ಮೂರೂ ಅವರ ಕೈಕೆಳಗಿದ್ದವು. ಕುಠಾರ್ ಯಂತ್ರದ ಅವಘಡದಿಂದ ಬಂದರಿಗೆ ಮರಳಬೇಕಾಯಿತು. ಉಳಿದದ್ದು ಎರಡು.

ಈ ಎರಡು ಹಡಗುಗಳಿಗೆ ವಹಿಸಿದ್ದು ಪಾಕಿಸ್ತಾನದ ಜಲಾಂತರ್ಗಾಮಿಯನ್ನು ಹುಡುಕಿ ಹೊಡೆಯುವ ಕೆಲಸ. ಅದು ಎಂಥದ್ದು ಎಂಬುದು ನಿಮ್ಮ ಲೇಖನದಲ್ಲಿ ಒಂದೇ ವಾಕ್ಯದಲ್ಲಿ ಮುಗಿದುಹೋಗಿದೆ. ಅದನ್ನು ಬಿಡಿಸಿ ಹೇಳದೆ ಮುಲ್ಲಾ ಅವರ ಧೈರ್ಯ ಅರ್ಥವಾಗುವುದಿಲ್ಲ.

ಖುಕ್ರಿ ಬ್ರಿಟನ್ನಿನಲ್ಲಿ ಕಟ್ಟಿದ ಬ್ಲ್ಯಾಕ್‌ವುಡ್ ವರ್ಗದ ಹಡಗು, ಸೇವೆಗೆ ಸೇರಿದ್ದು 1958ರಲ್ಲಿ. ಉದ್ದ ಸುಮಾರು 94 ಮೀಟರ್, ಅಗಲ 10 ಮೀಟರ್, ಪ್ರೊಪೆಲ್ಲರ್ ಒಂದೇ. ಜಲಾಂತರ್ಗಾಮಿಗಳನ್ನು ಹೊಡೆಯಲೆಂದೇ ಕಡಿಮೆ ಖರ್ಚಿನಲ್ಲಿ ರೂಪಿಸಿದ ವರ್ಗ ಅದು. ಅದರ ಮುಖ್ಯ ಅಸ್ತ್ರ, ನೀರೊಳಗೆ ಸಿಡಿಯುವ ಬಾಂಬ್ ಎಸೆಯುವ ‘ಲಿಂಬೊ’ ಎಂಬ ಮೂರು ನಳಿಗೆಯ ಮಾರ್ಟರ್, ಎಸೆಯುವ ದೂರ ಒಂದು ಕಿ.ಮೀ.ಗೂ ಕಡಿಮೆ. ಎದುರಾಳಿ, ಪಾಕಿಸ್ತಾನದ ‘ಹಂಗೋರ್’, ಫ್ರಾನ್ಸ್ ರೂಪಿಸಿದ ಡ್ಯಾಫ್ನೆ ವರ್ಗದ ಜಲಾಂತರ್ಗಾಮಿ, ಆ ಕಾಲಕ್ಕೆ ಹೊಸದು. ನೀರೊಳಗೆ ತಾನೇ ಓಡಿಬಂದು ಹಡಗಿಗೆ ಬಡಿದು ಸಿಡಿಯುವ ಅದರ ಟಾರ್ಪಿಡೊ ಹಲವು ಕಿ.ಮೀ. ಆಚೆಯಿಂದಲೇ ಬರಬಲ್ಲದು. ಅಂದರೆ ಖುಕ್ರಿ ತನ್ನ ಮಾರ್ಟರ್ ಹಾರಿಸುವಷ್ಟು ಹತ್ತಿರ ಹೋಗಬೇಕಾದರೆ ಅದಕ್ಕೂ ಬಹಳ ಮೊದಲೇ ಶತ್ರುವಿನ ಗುರಿಯೊಳಗೆ ಹಾಯಬೇಕು.

ಸೋನಾರಿನ ಕಥೆಯೂ ಅಷ್ಟೇ. ನೀರಿನೊಳಗೆ ಕೂಗು ಹಾಕಿ ಮರುದನಿಗೆ ಕಾಯುವ ಯಂತ್ರ ಅದು. ಕೂಗು ಹೋಗಿ, ಜಲಾಂತರ್ಗಾಮಿಗೆ ಬಡಿದು, ವಾಪಸ್ ಬರುವಷ್ಟರಲ್ಲಿ ಸೊರಗಿರುತ್ತದೆ. ಜಲಾಂತರ್ಗಾಮಿಗೆ ಅದೇ ಕೂಗು ಒಂದೇ ಪಯಣದಲ್ಲಿ ಕೇಳಿಸುತ್ತದೆ, ಆದ್ದರಿಂದ ಹುಡುಕುವವರು ಎಲ್ಲಿದ್ದಾರೆಂದು ಅದಕ್ಕೇ ಮೊದಲು ಗೊತ್ತಾಗುತ್ತದೆ. ಇದರ ಮೇಲೆ, ಬೆಚ್ಚಗಿನ ಮೇಲ್ನೀರಿನಿಂದ ತಣ್ಣನೆಯ ಕೆಳನೀರಿಗೆ ಇಳಿಯುವಾಗ ಶಬ್ದ ಕೆಳಕ್ಕೆ ಬಾಗುತ್ತದೆ. ಆ ಬಾಗಿನ ಆಚೆ ಶಬ್ದ ಮುಟ್ಟದ ಒಂದು ನೆರಳು ಉಳಿಯುತ್ತದೆ. ಅನುಭವಿ ಜಲಾಂತರ್ಗಾಮಿ ಆ ನೆರಳಲ್ಲೇ ಕೂರುತ್ತದೆ.

ಹಡಗು ಜೋರಾಗಿ ಓಡಿದರೆ ತನ್ನದೇ ಪ್ರೊಪೆಲ್ಲರ್ ಮತ್ತು ನೀರಿನ ಸದ್ದಿಗೆ ಸೋನಾರ್ ಕಿವುಡಾಗುತ್ತದೆ. ನಿಧಾನವಾಗಿ ಹೋದರೆ ಟಾರ್ಪಿಡೊ ಗುರಿಯಿಡುವವನ ಲೆಕ್ಕ ಸುಲಭವಾಗುತ್ತದೆ. ಖುಕ್ರಿಯಲ್ಲಿ ಸೋನಾರಿನ ಶಕ್ತಿ ಹೆಚ್ಚಿಸುವ ಹೊಸ ಉಪಕರಣವೊಂದರ ಪ್ರಯೋಗ ನಡೆದಿತ್ತು, ಅದನ್ನು ರೂಪಿಸಿದ ಯುವ ಲೆಫ್ಟಿನೆಂಟ್ ಕೂಡ ಹಡಗಿನಲ್ಲೇ ಇದ್ದರು, ಹಡಗಿನಲ್ಲೇ ಮಡಿದರು. ಆ ಉಪಕರಣಕ್ಕಾಗಿ ವೇಗವನ್ನು ಸುಮಾರು 12 ನಾಟ್‌ಗೆ, ಎಂದರೆ ಗಂಟೆಗೆ 22 ಕಿ.ಮೀ.ಗೆ ಇಳಿಸಲಾಗಿತ್ತು. ಇದು ಸರಿಯೇ ತಪ್ಪೇ ಎಂದು ನೌಕಾಪಡೆಯವರಲ್ಲೇ ಇಂದಿಗೂ ಚರ್ಚೆ ಇದೆ. ವೀರನ ಕಥೆಯಲ್ಲಿ ಇದನ್ನು ಮುಚ್ಚಿಡುವ ಅಗತ್ಯವಿಲ್ಲ. ವೇಗ ಹೆಚ್ಚಿಸಿ ಪಾರಾಗುವುದು ಅವರಿಗೆ ಕೊಟ್ಟ ಕೆಲಸವಾಗಿರಲಿಲ್ಲ, ಜಲಾಂತರ್ಗಾಮಿಯನ್ನು ಹುಡುಕುವುದೇ ಕೆಲಸವಾಗಿತ್ತು ಎಂಬುದನ್ನು ಅದರ ಪಕ್ಕದಲ್ಲೇ ಬರೆದರೆ ಸಾಕು.

ಡಿಸೆಂಬರ್ 9ರ ರಾತ್ರಿ ಒಂಬತ್ತಕ್ಕೆ ಸ್ವಲ್ಪ ಮೊದಲು ಟಾರ್ಪಿಡೊ ತಗುಲಿತು. ಕರಾಚಿಯ ಮೇಲೆ ನಮ್ಮ ಎರಡನೇ ಕ್ಷಿಪಣಿ ದಾಳಿ ನಡೆದು ಒಂದು ದಿನವೂ ಕಳೆದಿರಲಿಲ್ಲ. ಕೆಲವೇ ನಿಮಿಷಗಳಲ್ಲಿ ಹಡಗು ಮುಳುಗಿತು. ನೀರಿನ ಮಟ್ಟದ ಕೆಳಗೆ ಸ್ಫೋಟವಾದಾಗ ವಿದ್ಯುತ್ ಹೋಗಿ ಕತ್ತಲಾಗುತ್ತದೆ. ಚೌಕಟ್ಟು ತಿರುಚಿಕೊಂಡ ಉಕ್ಕಿನ ಬಾಗಿಲು ತೆರೆಯುವುದಿಲ್ಲ. ಕೆಳಗಿನ ಅಂತಸ್ತುಗಳಿಂದ ಮೇಲೆ ಬರುವ ಏಣಿ ಒಬ್ಬರು ಹತ್ತುವಷ್ಟೇ ಅಗಲ. ಹಡಗು ವಾಲಿದಾಗ ಆ ಏಣಿ ಗೋಡೆಗೆ ಒರಗಿ ನೆಟ್ಟಗೆ ಹತ್ತಲಾಗದಂತಾಗುತ್ತದೆ. ಇಂಥ ಹೊತ್ತಿನಲ್ಲಿ ಬ್ರಿಜ್ ಬಳಿ ಇದ್ದ ಅಧಿಕಾರಿ ನೀರಿಗೆ ಹಾರುವುದು ಎಲ್ಲರಿಗಿಂತ ಸುಲಭ. ಮುಲ್ಲಾ ನಿಂತಿದ್ದು ಅಲ್ಲಿ.

ಜೊತೆಯ ಕೃಪಾಣ್ ಅಲ್ಲೇ ನಿಂತು ಜನರನ್ನು ಎತ್ತಿಕೊಳ್ಳಲಿಲ್ಲ ಎಂದು ಲೇಖನ ಆಕ್ಷೇಪಿಸುತ್ತದೆ. ಜಲಾಂತರ್ಗಾಮಿ ಹತ್ತಿರವೇ ಇರುವಾಗ ನಿಂತ ಹಡಗು ಎರಡನೇ ಗುರಿ. 1914ರ ಸೆಪ್ಟೆಂಬರ್ 22ರಂದು ಒಂದೇ ಜರ್ಮನ್ ಜಲಾಂತರ್ಗಾಮಿ ಅಬುಕಿರ್ ಎಂಬ ಬ್ರಿಟಿಷ್ ಕ್ರೂಸರನ್ನು ಹೊಡೆದಾಗ, ನೆರವಿಗೆ ನಿಂತ ಹೋಗ್ ಮತ್ತು ಕ್ರೆಸ್ಸಿ ಎರಡನ್ನೂ ಒಂದಾದ ಮೇಲೊಂದರಂತೆ ಮುಳುಗಿಸಿತು. 1,400ಕ್ಕೂ ಹೆಚ್ಚು ಜನ ಸತ್ತರು. ಎಲ್ಲ ನೌಕಾಪಡೆಗಳೂ ಕಲಿತ ಪಾಠ ಅದು. ಖುಕ್ರಿಯ 67 ಮಂದಿಯನ್ನು ಮರುದಿನ ನೀರಿನಿಂದ ಎತ್ತಲಾಯಿತು. ಕೃಪಾಣ್‌ನವರ ಮೇಲೆ ಕಳಂಕ ಹೊರಿಸುವ ಮಾತನ್ನು ಇಷ್ಟು ಹಗುರವಾಗಿ ಬರೆಯಬಾರದಿತ್ತು.

ಇನ್ನು ಸಣ್ಣ ತಿದ್ದುಪಡಿಗಳು. ಮಡಿದವರು 18 ಅಧಿಕಾರಿಗಳು, 176 ನಾವಿಕರು, ಒಟ್ಟು 194. ಲೇಖನದಲ್ಲಿ 18 ಮಾತ್ರ ಇದೆ, ನಾವಿಕರ ಸಂಖ್ಯೆಯೇ ಬಿಟ್ಟುಹೋಗಿದೆ. ಮುಲ್ಲಾ ಅವರಿಗೆ ಮರಣೋತ್ತರವಾಗಿ ಬಂದದ್ದು ಮಹಾವೀರ ಚಕ್ರ, ಚಿತ್ರದ ಅಡಿಬರಹದಲ್ಲಿರುವಂತೆ ಪರಮವೀರ ಚಕ್ರವಲ್ಲ. ಆ ಚಿತ್ರ ಕೂಡ ಬೇರೆ ಹಡಗಿನದು. 1989ರಲ್ಲಿ ಸೇವೆಗೆ ಸೇರಿ 2021ರ ಡಿಸೆಂಬರ್‌ನಲ್ಲಿ ನಿವೃತ್ತವಾಗಿ ಈಗ ದಿಯುವಿನಲ್ಲಿರುವ, ಅದೇ ಹೆಸರಿನ ಕಾರ್ವೆಟ್, ಎಂದರೆ ಸಣ್ಣ ಯುದ್ಧನೌಕೆ ಅದು. ಗುರುತು ಹಿಡಿಯುವುದು ಸುಲಭ: ಹಡಗಿನ ಪಕ್ಕೆಯ ಮೇಲೆ ಬರೆದ ಸಂಖ್ಯೆ ನೋಡಬೇಕು. ಹೊಸ ಖುಕ್ರಿಯದು 49. ಮುಲ್ಲಾ ಅವರ ಖುಕ್ರಿಯದು 149. ತಿದ್ದುಪಡಿ ಹಾಕುವಾಗ 149ರ ಚಿತ್ರವನ್ನೇ ಹಾಕಿ.

ಇತಿ,
ನೌಕಾ ಇತಿಹಾಸದ ಓದುಗ