ವರ್ಷವಾಯಿತು, ಒಂದಿಷ್ಟು ಋಣದ ಮಾತು

ನಮ್ಮ ಮನೆಯವರು ಹೋಗಿ ಈ ವಾರಕ್ಕೆ ವರ್ಷವಾಯಿತು. ಏನಾಯಿತು, ಹೇಗಾಯಿತು ಎಂದು ನಿಮಗೆಲ್ಲ ಗೊತ್ತು, ಮತ್ತೆ ಬರೆಯುವುದಿಲ್ಲ. ಆಸ್ಪತ್ರೆಗೆ ಓಡಾಡಿದವರು, ರಕ್ತ ಕೊಟ್ಟವರು, ವಿಮೆಯ ಕಾಗದಪತ್ರ ಸರಿಮಾಡಿಕೊಟ್ಟ ಭಾವ, ಕೇಳುವ ಮೊದಲೇ ರಜೆ ಕೊಟ್ಟ ಆಫೀಸಿನವರು, ಎಲ್ಲರಿಗೂ ಕೈಮುಗಿಯುತ್ತೇನೆ.

ಪಕ್ಕದ ಮನೆ ಅಕ್ಕನ ಬಗ್ಗೆ ಮಾತ್ರ ಸ್ವಲ್ಪ ಜಾಸ್ತಿ ಬರೆಯಬೇಕು. ಅವರಿಗೆ ಇದು ಇಷ್ಟವಾಗುವುದಿಲ್ಲ. ಬೈಸಿಕೊಳ್ಳುತ್ತೇನೆ.

ನೆಂಟರೆಲ್ಲ ಹೊರಟ ಮೇಲಿನ ಮೊದಲ ರಾತ್ರಿ. ಅಕ್ಕ ತಲೆದಿಂಬು ಹಿಡಿದುಕೊಂಡು ಬಂದು ಹಾಲ್‌ನಲ್ಲೇ ಚಾಪೆ ಹಾಸಿದರು. ಸಮಾಧಾನದ ಮಾತು ಒಂದೂ ಆಡಲಿಲ್ಲ. ಕುರ್ಚಿ ಮೇಲೆ ಗುಡ್ಡೆ ಬಿದ್ದಿದ್ದ ಒಗೆದ ಬಟ್ಟೆ ಮಡಚುತ್ತಾ ಕೂತರು. ನಡುವೆ ಇವರ ನೀಲಿ ಶರ್ಟ್ ಸಿಕ್ಕಿತು. ಅಕ್ಕನ ಕೈ ನಿಂತಿತು. "ಇದನ್ನ ಮಡಚಲಾ, ಹೀಗೇ ಇಡಲಾ?" ಎಂದು ಕೇಳಿದರು. ಅಷ್ಟು ದಿನ ತಡೆದಿದ್ದೆಲ್ಲ ಆಗ ಬಂತು. ಬೆಳಗಿನ ಜಾವದವರೆಗೂ ಅಳುತ್ತಲೇ ಇದ್ದೆ. "ಅಳಬೇಡ" ಅಂತ ಅವರು ಒಮ್ಮೆಯೂ ಅನ್ನಲಿಲ್ಲ. ಬೆಳಗ್ಗೆ ನೋಡಿದರೆ ಎಲ್ಲ ಬಟ್ಟೆ ಬೀರು ಸೇರಿತ್ತು. ಶರ್ಟ್ ಮಾತ್ರ ಕುರ್ಚಿ ಮೇಲೇ ಇತ್ತು.

ಇವರು ಸಂಜೆ ಆಫೀಸ್ ಬಿಡುವಾಗ "ಹೊರಟೆ" ಅಂತ ಒಂದು ಮೆಸೇಜ್ ಹಾಕುತ್ತಿದ್ದರು. ಹಬ್ಬ, ಹುಟ್ಟುಹಬ್ಬಗಳನ್ನು ಹೇಗೋ ದಾಟಿದೆ. ಆ ಹೊತ್ತನ್ನು ದಾಟುವುದು ಕಷ್ಟವಾಯಿತು. ಕೈ ತಾನಾಗಿ ಫೋನಿನ ಕಡೆ ಹೋಗುತ್ತಿತ್ತು. ಅಕ್ಕನ ಹತ್ತಿರ ಮಾತಿಗೆ ಹೇಳಿದ್ದೆ, ಅಷ್ಟೇ. ಮಾರನೆಯ ದಿನದಿಂದ ನಾನು ಬೀಗ ತೆಗೆದ ಸದ್ದಾದರೆ ಸಾಕು, ಆ ಕಡೆಯಿಂದ ದನಿ ಬರುತ್ತದೆ: "ಬಂದ್ಯಾ?" "ಬಂದೆ ಅಕ್ಕಾ." ಮುಗಿಯಿತು. ನಾನು ಮನೆ ಸೇರಿದೆನೋ ಇಲ್ಲವೋ ಎಂದು ಒಬ್ಬರು ಕಿವಿಗೊಟ್ಟಿದ್ದಾರಲ್ಲ, ನನಗೆ ಬೇಕಾಗಿದ್ದುದು ಅದೇ.

ಲೋಕದಲ್ಲಿ ಆರರಲ್ಲಿ ಒಬ್ಬರನ್ನು ಒಂಟಿತನ ಕಾಡುತ್ತಿದೆ ಎಂದು 2025ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ವರದಿ ಹೇಳಿತು. ಅಕ್ಕನಿಗೆ ಓದಿ ಹೇಳಿದೆ. "ಮಿಕ್ಕ ಐದು ಜನ ಏನ್ಮಾಡ್ತಿದಾರಂತೆ?" ಅಂದರು.

ಕೆಲವು ಸಂಜೆ ಆ "ಬಂದ್ಯಾ" ಇವರ ದನಿಯಲ್ಲೇ ಬೇಕು ಅನಿಸುತ್ತದೆ. ಬೇರೆ ಯಾರದ್ದೂ ಬೇಡ, ಅಕ್ಕನದೂ ಬೇಡ. ಅದಕ್ಕೆ ಯಾರೇನು ಮಾಡಲಾದೀತು? ಇರಲಿ.

ಒಂದು ಕೇಳಿಕೆ. ನನ್ನ ಮುಂದೆ ಇವರ ಹೆಸರು ಬಂದರೆ ಹಲವರು ಮಾತು ಬದಲಿಸುತ್ತೀರಿ. ಬದಲಿಸಬೇಡಿ. ನಿಮ್ಮ ಫೋನಿನಲ್ಲಿ ಇವರ ವಾಯ್ಸ್ ಮೆಸೇಜ್ ಏನಾದರೂ ಉಳಿದಿದ್ದರೆ ನನಗೆ ಕಳಿಸಿ. ಸುಮ್ನೆ ಕ್ರಿಕೆಟ್ ವಿಷಯಕ್ಕೆ ಜಗಳ ಆಡಿದ್ದಾದರೂ ಪರವಾಗಿಲ್ಲ.