ಸಾಹೇಬ್ರೇ, ತೊರೆಯ ಮೇಲೆ ಬಾಗಿದ ಗಿಡ ಕಡಿಸಬೇಡಿ

ಗೋವಾ ಸರ್ಕಾರದ ಮಾನ್ಯ ಅರಣ್ಯ ಸಚಿವರಿಗೆ ನಮಸ್ಕಾರ.

ನಾನು ಗದಗ ಕಡೆಯವನು. ಹದಿನೆಂಟು ವರ್ಷದಿಂದ ವಾಳಪೈನಲ್ಲಿ ವೈರಿಂಗ್ ಕೆಲಸ ಮಾಡಿಕೊಂಡಿದ್ದೇನೆ. ಕೊಂಕಣಿ ಚೆನ್ನಾಗಿ ಮಾತಾಡುತ್ತೇನೆ, ಬರೆಯೋಕೆ ಮಾತ್ರ ಕೈ ಓಡಲ್ಲ. ಇಲ್ಲೇ ಓದಿದ ಮಗಳು ಈ ಪತ್ರವನ್ನು ಕೊಂಕಣಿಗೆ ಮಾಡಿ ನಿಮ್ಮ ಕಚೇರಿಗೆ ಮುಟ್ಟಿಸುತ್ತಾಳೆ. ಕನ್ನಡದಲ್ಲಿ ಬರೆದದ್ದು ನಮ್ಮವರೂ ಓದಲಿ ಅಂತ. ಕತ್ತಿ ಹಿಡಿದು ಗಿಡ ಸವರುವ ಕೂಲಿಯವರಲ್ಲಿ ನಮ್ಮವರೂ ಇದ್ದಾರಲ್ವಾ.

ಹೋದ ವರ್ಷ ಇಲ್ಲಿನ ಸತ್ತರಿ ತಾಲೂಕಿನ ಒಂದು ಜಲಪಾತದ ಹತ್ತಿರ ದೀಪ ಹಾಕಲು ಗುತ್ತಿಗೆದಾರರೊಬ್ಬರು ನನ್ನನ್ನು ಕರೆದರು. ಮಳೆಗೆ ಮೊದಲೇ ಮುಗಿಯಬೇಕಿದ್ದ ಕೆಲಸ, ಎಂದಿನ ಹಾಗೆ ಜೂನ್ ಕೊನೆಗೆ ಬಂದಿತ್ತು. ಕತ್ತಲಾದ ಮೇಲೆ ಕೇಬಲ್ ಹುಡುಕುತ್ತಾ ಟಾರ್ಚ್ ಬೆಳಕು ಬಿಟ್ಟೆ. ತೊರೆಯ ಮೇಲೆ ಬಾಗಿದ ಎಲೆಯೊಂದರಲ್ಲಿ ಕಪ್ಪೆ ಕೂತಿತ್ತು. ಕಂದು ಬಣ್ಣ, ಸುಕ್ಕುಸುಕ್ಕು ಚರ್ಮ. ಕಣ್ಣಪಾಪೆ ಗುಂಡಗಿರಲಿಲ್ಲ, ಇಸ್ಪೀಟಿನ ಡೈಮಂಡ್ ಹಾಗಿತ್ತು. ಪಕ್ಕದ ಎಲೆಗೆ ಒಂದು ಚಮಚ ಸಾಬೂದಾಣಿ ಪಾಯಸ ಸುರಿದ ಹಾಗೆ ಮೊಟ್ಟೆಗಳು ಅಂಟಿದ್ದವು.

ಫೋಟೊ ನೋಡಿದ ಪ್ರಾಣಿಶಾಸ್ತ್ರದ ಹುಡುಗನೊಬ್ಬ ‘ಕ್ಯಾಸಲ್ ರಾಕ್ ರಾತ್ರಿಗಪ್ಪೆ’ ಅಂದ. ಹುಬ್ಬಳ್ಳಿ–ವಾಸ್ಕೋ ರೈಲಿನಲ್ಲಿ ಓಡಾಡುವ ನಮಗೆ ಕ್ಯಾಸಲ್ ರಾಕ್ ಅಂದರೆ ಸ್ಟೇಷನ್ ಅಷ್ಟೇ. 2005ರಲ್ಲಿ ಇಂದ್ರನೀಲ್ ದಾಸ್ ಮತ್ತು ಕೃಷ್ಣಮೇಘ್ ಕುಂಟೆ ಅನ್ನುವ ವಿಜ್ಞಾನಿಗಳು ಇದಕ್ಕೆ ನಿಕ್ಟಿಬ್ಯಾಟ್ರಾಕಸ್ ಪೆಟ್ರೇಯಸ್ ಅಂತ ವೈಜ್ಞಾನಿಕ ಹೆಸರಿಟ್ಟರಂತೆ. ಸಹ್ಯಾದ್ರಿ ಬಿಟ್ಟರೆ ಪ್ರಪಂಚದಲ್ಲಿ ಇನ್ನೆಲ್ಲೂ ಇಲ್ಲ. ಹೆಸರು ಸಿಕ್ಕಿದ್ದು ಕರ್ನಾಟಕದ ಊರಿಂದ, ನನ್ನ ಕಣ್ಣಿಗೆ ಬಿದ್ದದ್ದು ನಿಮ್ಮ ಕಾಡಲ್ಲಿ. (ಮಹದಾಯಿ ಜಗಳ ಇಲ್ಲಿ ಬೇಡ ಬಿಡಿ.)

ಈ ಕಪ್ಪೆ ನೀರೊಳಗೆ ಮೊಟ್ಟೆ ಇಡಲ್ಲ. ಹರಿವ ನೀರಿನ ಮೇಲೆ ಚಾಚಿದ ಎಲೆಯೋ ಕಲ್ಲೋ ಬೇಕು. ಮೊಟ್ಟೆಯೊಡೆದ ಮರಿ ಸೀದಾ ಕೆಳಗೆ ಬಿದ್ದು ಈಜಬೇಕು. ಒಂದಡಿ ಆಚೆ, ಒಣ ಕಲ್ಲಿನ ಮೇಲೆ ಬಿದ್ದರೆ ಕಥೆ ಮುಗೀತು.

ಮುಂದಿನ ವಾರ ಹೋದಾಗ ತೊರೆಯ ಎರಡೂ ಬದಿ ಬೋಳಾಗಿತ್ತು. ಫೋಟೊಗೆ ಅಡ್ಡ ಬರುತ್ತೆ, ಬೆಳಕು ನೀರಿನ ಮೇಲೆ ಬೀಳಲ್ಲ ಅಂತ ಗಿಡ ಸವರಿಸಿದ್ದರು. ಕಡಿದ ಕೊಂಬೆಗಳು ದಾರಿ ಪಕ್ಕ ರಾಶಿ ಬಿದ್ದಿದ್ದವು. ಆ ಎಲೆಯನ್ನು ಹುಡುಕಿದೆ, ಸಿಗಲಿಲ್ಲ. ಆಮೇಲೆ ಸುಮ್ನೆ ನನ್ನ ಕೆಲಸ ಮಾಡಿದೆ, ದೀಪ ಹಾಕಿ ಕೂಲಿ ಇಸಕೊಂಡೆ. ರಾತ್ರಿಗಪ್ಪೆಯ ಮನೆ ಮುಂದೆ ಫ್ಲಡ್‌ಲೈಟ್! ಅದನ್ನು ಹಾಕಿದವನೇ ಈಗ ಪತ್ರ ಬರೆಯುತ್ತಿದ್ದೇನೆ, ನಗಬೇಡಿ.

ಮಳೆಗಾಲದಲ್ಲಿ ದೊಡ್ಡ ಕಪ್ಪೆ ಹಿಡಿದು ತಿನ್ನುವವರ ಮೇಲೆ ನಿಮ್ಮ ಇಲಾಖೆ ಕಣ್ಣಿಡುತ್ತದೆ. ಒಳ್ಳೆಯದೇ. ಆದರೆ ಇದನ್ನು ಯಾರೂ ತಿನ್ನಲ್ಲ. ಇದಕ್ಕೆ ಕುತ್ತು ಬರುವುದು ‘ಸುಂದರ ಮಾಡುವ’ ಕೆಲಸದಿಂದ.

ಪ್ರವಾಸಿಗರು ಬೇಡ ಅನ್ನುತ್ತಿಲ್ಲ, ಅವರಿಂದಲೇ ನಮಗೂ ಕೆಲಸ. ಜಲಪಾತ ನೋಡಲು ಒಂದು ಕಡೆ ಕಟ್ಟೆ ಕಟ್ಟಿ. ಉಳಿದ ಕಡೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನೀರಿನ ಮೇಲೆ ಬಾಗಿದ ಗಿಡಕ್ಕೆ ಕತ್ತಿ ತಾಗಬಾರದು, ಸಂಜೆ ಏಳಾದರೆ ದೀಪ ಆರಬೇಕು ಅಂತ ಟೆಂಡರ್‌ನಲ್ಲೇ ಬರೆಸಿ. ಬಾಯಿಮಾತಲ್ಲಿ ಹೇಳಿದರೆ ಯಾವ ಗುತ್ತಿಗೆದಾರರೂ ಕೇಳಲ್ಲ, ಅದು ನಿಮಗೆ ನನಗಿಂತ ಜಾಸ್ತಿ ಗೊತ್ತು. ದೀಪಕ್ಕೆ ಟೈಮರ್ ಬೇಕಿದ್ದರೆ ನಾನೇ ಬಂದು ಕೂರಿಸಿಕೊಡುತ್ತೇನೆ, ಕೂಲಿ ಬೇಡ.

ಆದೇಶ ಮೇ ಮುಗಿಯುವುದರೊಳಗೆ ಹೊರಡಲಿ.

ಇಂತಿ,
ವಾಳಪೈನ ಒಬ್ಬ ವೈರಿಂಗ್ ಕೆಲಸದವನು